ಚಿತ್ರದೊಳಗಿನ ಹೆಂಗಸು ಮತ್ತು ಚಿತ್ರ ಮಾಡಿದ ಹೆಂಗಸು

(ಕೈಗಾದಲ್ಲಿ ಕಲಾಸಕ್ತರ ಮುಂದೆ ಮಾಡಿದ ಭಾಷಣದ ಬರಹ ರೂಪ)



ಗುರುತಿನ ಚೀಟಿ ಎಂದರೆ ಏನೆಂಬುದನ್ನು ಕೈಗಾದ ಜನರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಕಾಳಿ ನದಿಯ ದಡದ ಈ ಅಣು ವಿದ್ಯುತ್ ಸ್ಥಾವರದ ಗೇಟಿನಲ್ಲಿ ಮನುಷ್ಯನಷ್ಟೇ ಮುಖ್ಯ ಅವನ ಫೋಟೊ. ಫೋಟೊಗೂ ಮುಖಕ್ಕೂ ತಾಳೆಯಾದರೆ ಒಳಗೆ, ಇಲ್ಲವಾದರೆ ಹೊರಗೆ. ಇದೇ ನದಿಯ ಕಣಿವೆಯಲ್ಲಿ ಯೋಜನೆಗಳಿಗಾಗಿ ಮನೆ, ಗದ್ದೆ ಬಿಟ್ಟವರಿಗೆ ‘ನಿರಾಶ್ರಿತ’ ಎಂಬ ಇನ್ನೊಂದು ಗುರುತು ಅಂಟಿಕೊಂಡಿತು. ಅಂಕೋಲೆಯ ಹಾಲಕ್ಕಿ ಒಕ್ಕಲಿಗ ಹೆಂಗಸಿಗೆ ಕೊರಳಿನ ಮಣಿಸರವೇ ಗುರುತು ಎಂದು ಹೊರಗಿನವರು ತೀರ್ಮಾನಿಸಿಬಿಟ್ಟಿದ್ದಾರೆ. ಕ್ಯಾಮೆರಾ ಹಿಡಿದು ಬರುವವರು ಮೊದಲು ಹುಡುಕುವುದು ಆ ಮಣಿಸರವನ್ನೇ. ಈ ಮೂರು ಗುರುತುಗಳಿಗೂ ಒಂದು ಸಮಾನವಾದ ಅಂಶವಿದೆ. ಗುರುತನ್ನು ತಯಾರಿಸಿದವರು ಒಬ್ಬರು, ಅದನ್ನು ಹೊತ್ತು ತಿರುಗುವವರು ಇನ್ನೊಬ್ಬರು.

ಈ ಏರ್ಪಾಡನ್ನು ತಲೆಕೆಳಗು ಮಾಡಿದರೆ ಏನಾಗುತ್ತದೆ? ಚಿತ್ರದೊಳಗೆ ನಿಂತ ಹೆಂಗಸೇ ಆ ಚಿತ್ರದ ನಿರ್ದೇಶಕಿಯೂ ಆದರೆ? ಯಾವ ವೇಷ, ಯಾವ ಪರದೆ, ಯಾವ ಭಂಗಿ ಎಂಬುದನ್ನೆಲ್ಲ ಅವಳೇ ನಿರ್ಧರಿಸಿದರೆ? 1990ರ ದಶಕದಿಂದ ಈಚೆಗೆ ಈ ಪ್ರಶ್ನೆಯನ್ನು ಪಟ್ಟು ಹಿಡಿದು ಕೇಳುತ್ತ ಬಂದವರು ಬೆಂಗಳೂರಿನ ಕಲಾವಿದೆ ಪುಷ್ಪಮಾಲಾ ಎನ್. ಅವರ ಪ್ರಯೋಗಗಳನ್ನು ಅರ್ಥ ಮಾಡಿಕೊಳ್ಳುವುದು ಈ ಜಿಲ್ಲೆಯವರಿಗೆ ಕಷ್ಟವೇನಲ್ಲ. ಏಕೆಂದರೆ ಅವರ ಕಲೆಯ ಕೇಂದ್ರದಲ್ಲಿ ಇರುವುದು ಇಲ್ಲಿ ಎಲ್ಲರೂ ಬಲ್ಲ ಒಂದು ಸಂಗತಿ: ವೇಷ.

ಪುಷ್ಪಮಾಲಾ ಹುಟ್ಟಿದ್ದು 1956ರಲ್ಲಿ, ಬೆಂಗಳೂರಿನಲ್ಲಿ. ಬರೋಡದ ಮಹಾರಾಜ ಸಯಾಜಿರಾವ್ ವಿಶ್ವವಿದ್ಯಾಲಯದಲ್ಲಿ ಶಿಲ್ಪಕಲೆ ಕಲಿತರು. ಸುಟ್ಟ ಮಣ್ಣಿನ ಶಿಲ್ಪಗಳ ಮೂಲಕ 1980ರ ದಶಕದಲ್ಲಿಯೇ ಹೆಸರು ಮಾಡಿ, 1984ರಲ್ಲಿ ರಾಷ್ಟ್ರೀಯ ಪ್ರಶಸ್ತಿಯನ್ನೂ ಪಡೆದರು. ಅದೇ ದಾರಿಯಲ್ಲಿ ಮುಂದುವರಿದಿದ್ದರೆ ಅವರು ಒಳ್ಳೆಯ ಶಿಲ್ಪಿಯಾಗಿ ಉಳಿಯುತ್ತಿದ್ದರು. ಆದರೆ 1990ರ ದಶಕದ ನಡುವೆ ಅವರು ಮಣ್ಣನ್ನು ಬದಿಗಿಟ್ಟು ತಮ್ಮ ಮೈಯನ್ನೇ ಮಾಧ್ಯಮ ಮಾಡಿಕೊಂಡರು. ತಾವೇ ವೇಷ ಹಾಕಿ, ತಾವೇ ದೃಶ್ಯ ಕಟ್ಟಿ, ಕ್ಯಾಮೆರಾದ ಮುಂದೆ ನಿಂತರು. ಇದಕ್ಕೆ ‘ಫೋಟೊ ಪರ್ಫಾರ್ಮೆನ್ಸ್’ ಎಂಬ ಹೆಸರು ಬಂತು. ಬಳಿಕ ಅದೇ ವಿಧಾನ ವಿಡಿಯೊ, ಕಿರುಚಿತ್ರ ಮತ್ತು ರಂಗಪ್ರದರ್ಶನಗಳಿಗೂ ಹಬ್ಬಿತು.

ಅವರು ಹುಟ್ಟುಹಾಕಿದ ಒಂದು ಕಲ್ಪಿತ ಸಂಸ್ಥೆಯ ಹೆಸರು ‘ಸೋಂಬೇರಿ ಕಟ್ಟೆ’. ಊರ ಮುಂದಿನ ಅರಳಿ ಮರದ ಬುಡದಲ್ಲಿ ಕೆಲಸವಿಲ್ಲದವರು ಕುಳಿತು ಹರಟುವ ಕಟ್ಟೆ ಯಾವ ಊರಿನಲ್ಲಿಲ್ಲ? ಕಲಾಲೋಕದ ದೊಡ್ಡ ದೊಡ್ಡ ಪ್ರತಿಷ್ಠಾನಗಳ ನಡುವೆ ಈ ಕನ್ನಡದ ಹೆಸರು ತುಂಟತನದಿಂದ ಕುಳಿತಿದೆ. ಆದರೆ ಅದರಲ್ಲಿ ಒಂದು ಸತ್ಯವೂ ಇದೆ. ಊರ ದೊಡ್ಡವರನ್ನು ಅಣಕಿಸುವ ಧೈರ್ಯ ಕಚೇರಿಯಲ್ಲಿ ಹುಟ್ಟುವುದಿಲ್ಲ, ಇಂಥ ಕಟ್ಟೆಯ ಮೇಲೆಯೇ ಹುಟ್ಟುತ್ತದೆ.

ಅವರ ಮೊದಲ ಮುಖ್ಯ ಪ್ರಯೋಗ 1996ರಿಂದ 1998ರ ನಡುವಿನ ‘ಫ್ಯಾಂಟಮ್ ಲೇಡಿ ಅಥವಾ ಕಿಸ್ಮತ್’. ಇದು ಮುಂಬಯಿಯಲ್ಲಿ ತೆಗೆದ ಕಪ್ಪು-ಬಿಳುಪು ಫೋಟೊಗಳ ಸರಣಿ. ಸಿನಿಮಾದ ಸ್ಥಿರಚಿತ್ರಗಳಂತೆ ಕಾಣುವ ಈ ಸರಣಿಗೆ ಆಧಾರವಾದ ಸಿನಿಮಾ ಯಾವುದೂ ಇಲ್ಲ. ಕಥೆ ಎಲ್ಲರೂ ಬಲ್ಲದ್ದೇ. ಅವಳಿ ಸಹೋದರಿಯರು, ಒಬ್ಬಳು ಮುಖವಾಡ ತೊಟ್ಟ ಸಾಹಸಿ, ಇನ್ನೊಬ್ಬಳು ಕ್ಲಬ್ಬಿನ ಮೋಹಿನಿ. ಎರಡೂ ಪಾತ್ರ ಪುಷ್ಪಮಾಲಾ ಅವರದೇ. ಸಾಹಸಿಯ ವೇಷದ ಹಿಂದೆ ‘ನಿರ್ಭೀತ ನಾಡಿಯಾ’ ಇದ್ದಾಳೆ. ಆಸ್ಟ್ರೇಲಿಯಾದಲ್ಲಿ ಹುಟ್ಟಿದ ಮೇರಿ ಇವಾನ್ಸ್ ಎಂಬ ಆ ನಟಿ 1935ರ ‘ಹಂಟರ್‌ವಾಲಿ’ಯಲ್ಲಿ ಚಾವಟಿ ಬೀಸಿ ಭಾರತದ ಪ್ರೇಕ್ಷಕರ ಮನಸ್ಸು ಗೆದ್ದವಳು. ನಮ್ಮ ಸಿನಿಮಾ ಬಹುಕಾಲ ಹೆಣ್ಣಿಗೆ ಎರಡೇ ಕೋಣೆ ಕೊಟ್ಟಿತ್ತು: ಒಳ್ಳೆಯವಳು, ಕೆಟ್ಟವಳು. ಎರಡೂ ಕೋಣೆಯಲ್ಲಿ ಒಂದೇ ಮುಖ ಕಂಡಾಗ ಕೋಣೆಗಳನ್ನು ಕಟ್ಟಿದವನು ಯಾರು ಎಂಬ ಪ್ರಶ್ನೆ ತಾನಾಗಿಯೇ ಏಳುತ್ತದೆ.

ಒಬ್ಬರೇ ಎರಡು ವೇಷ ಹಾಕುವುದು ಭಾರತೀಯ ಸಿನಿಮಾದಷ್ಟೇ ಹಳೆಯದು. ದಾದಾಸಾಹೇಬ ಫಾಲ್ಕೆಯವರ 1913ರ ‘ರಾಜಾ ಹರಿಶ್ಚಂದ್ರ’ದಲ್ಲಿ ತಾರಾಮತಿಯಾಗಿ ನಟಿಸಿದವರು ಅಣ್ಣಾ ಸಾಳುಂಕೆ ಎಂಬ ಗಂಡಸು. 1917ರ ‘ಲಂಕಾ ದಹನ’ದಲ್ಲಿ ಅದೇ ಸಾಳುಂಕೆ ರಾಮನೂ ಆದರು, ಸೀತೆಯೂ ಆದರು. ಇತ್ತ ಯಕ್ಷಗಾನದಲ್ಲಿ ಗಂಡಸರ ಸ್ತ್ರೀವೇಷಕ್ಕೆ ಇರುವ ಗೌರವ ಹೊನ್ನಾವರ, ಕುಮಟೆಯ ಪ್ರೇಕ್ಷಕರಿಗೆ ಹೊಸದಲ್ಲ. ಅಲ್ಲಿಯೂ ‘ವೇಷ ಕಟ್ಟುವುದು’ ಎನ್ನುತ್ತೇವೆ. ಕಟ್ಟಿದ್ದನ್ನು ಬಿಚ್ಚಬಹುದು ಎಂಬ ಅರಿವು ಆ ಮಾತಿನಲ್ಲಿಯೇ ಅಡಗಿದೆ.

ಆದರೂ ಒಂದು ವ್ಯತ್ಯಾಸವನ್ನು ಗಮನಿಸಬೇಕು. ಯಕ್ಷಗಾನದ ಸ್ತ್ರೀವೇಷಧಾರಿ ಪಾತ್ರದಲ್ಲಿ ಕರಗಿಹೋಗಬೇಕು. ದ್ರೌಪದಿ ಕಾಣಬೇಕೇ ಹೊರತು ವೇಷಧಾರಿ ಕಾಣಬಾರದು. ಪುಷ್ಪಮಾಲಾ ಅವರದು ಇದಕ್ಕೆ ವಿರುದ್ಧವಾದ ದಾರಿ. ಅವರ ಚಿತ್ರಗಳಲ್ಲಿ ವೇಷದ ಹೊಲಿಗೆ ಕಾಣುತ್ತದೆ, ಹಿಂದಿನ ಪರದೆ ಬಣ್ಣ ಬಳಿದ ಬಟ್ಟೆ ಎಂಬುದು ಕಾಣುತ್ತದೆ. ಈ ದೃಷ್ಟಿಯಿಂದ ಅವರ ಕೆಲಸ ಯಕ್ಷಗಾನಕ್ಕಿಂತ ಸುಗ್ಗಿಯ ಹಗರಣಕ್ಕೆ ಹತ್ತಿರ. ಅಂಕೋಲೆಯ ಕಡೆಯ ಹಗರಣದಲ್ಲಿ ಊರಿನವನೇ ಅಧಿಕಾರಿಯ ವೇಷ ಹಾಕಿ ಬಂದಾಗ ಜನ ನಗುವುದು ಅವನು ನಿಜವಾಗಿ ಅಧಿಕಾರಿಯಂತೆ ಕಂಡನೆಂದಲ್ಲ. ಅಧಿಕಾರಿಯ ಗತ್ತು ಕೂಡ ಒಂದು ವೇಷವೇ ಎಂಬ ಗುಟ್ಟು ಬಯಲಾಯಿತೆಂದು ನಗುತ್ತಾರೆ.

ಪುಷ್ಪಮಾಲಾ ಅವರ ಅತ್ಯಂತ ಪ್ರಸಿದ್ಧ ಕೃತಿ ‘ದಕ್ಷಿಣ ಭಾರತದ ದೇಶೀ ಹೆಂಗಸರು: ರೀತಿ ನೀತಿಗಳು’. ಇಂಗ್ಲಿಷ್ ಶೀರ್ಷಿಕೆಯ ಈ ಸರಣಿಯನ್ನು ಅವರು ಬೆಂಗಳೂರಿನ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಅವರ ಜೊತೆಗೂಡಿ 2000ದಿಂದ 2004ರವರೆಗೆ ರೂಪಿಸಿದರು. ಶೀರ್ಷಿಕೆ ಕೇಳಿದರೆ ಯಾವುದೋ ಹಳೆಯ ಸರ್ಕಾರಿ ಗ್ರಂಥದ ಹೆಸರಿನಂತಿದೆ. ಅದು ಬೇಕೆಂದೇ ಮಾಡಿದ್ದು. ಅದರ ಮರ್ಮ ತಿಳಿಯಲು ಸ್ವಲ್ಪ ಇತಿಹಾಸ ನೋಡಬೇಕು.

1857ರ ದಂಗೆಯ ಬಳಿಕ ಬ್ರಿಟಿಷರಿಗೆ ತಾವು ಆಳುತ್ತಿರುವ ಜನ ಯಾರು ಎಂದು ಪಟ್ಟಿ ಮಾಡುವ ಆತುರ ಹೆಚ್ಚಿತು. 1868ರಿಂದ 1875ರವರೆಗೆ ‘ಪೀಪಲ್ ಆಫ್ ಇಂಡಿಯಾ’ ಎಂಬ ಎಂಟು ಸಂಪುಟಗಳ ಫೋಟೊ ಗ್ರಂಥ ಹೊರಬಂತು. ಎಡ್ಗರ್ ಥರ್ಸ್ಟನ್ ಅವರು ರಂಗಾಚಾರಿಯವರ ನೆರವಿನೊಂದಿಗೆ ದಕ್ಷಿಣ ಭಾರತದ ಜಾತಿ ಮತ್ತು ಬುಡಕಟ್ಟುಗಳ ಬಗ್ಗೆ ಬರೆದ ಏಳು ಸಂಪುಟಗಳು 1909ರಲ್ಲಿ ಪ್ರಕಟವಾದವು. ಆಗ ಮುಂಬಯಿ ಪ್ರಾಂತಕ್ಕೆ ಸೇರಿದ್ದ ಈ ಕೆನರಾ ಜಿಲ್ಲೆಯೂ ತಪ್ಪಿಸಿಕೊಳ್ಳಲಿಲ್ಲ. 1883ರ ಗ್ಯಾಸೆಟಿಯರಿನಲ್ಲಿ ಹಾಲಕ್ಕಿಗಳೂ ಸೇರಿದಂತೆ ಇಲ್ಲಿನ ಪ್ರತಿಯೊಂದು ಸಮುದಾಯದ ಉಡುಗೆ, ಊಟ, ಮನೆ, ಮದುವೆಗಳ ವಿವರ ದಾಖಲಾಗಿದೆ. ಆ ದಾಖಲೆಗಳಿಂದ ಇಂದಿನ ಸಂಶೋಧಕರಿಗೆ ಪ್ರಯೋಜನವಿದೆ, ನಿಜ. ಆದರೆ ಅಲ್ಲಿ ವ್ಯಕ್ತಿಗೆ ಹೆಸರಿಲ್ಲ. ಇರುವುದು ಮಾದರಿ ಮಾತ್ರ.

ಫೋಟೊ ಈ ಕೆಲಸಕ್ಕೆ ಹೇಳಿ ಮಾಡಿಸಿದ ಸಾಧನವಾಯಿತು. ಜಾನ್ ಲ್ಯಾಂಪ್ರೆ ಎಂಬುವರು 1869ರಲ್ಲಿ ಒಂದು ಉಪಾಯ ಹೇಳಿದರು. ಚೌಕಟ್ಟಿಗೆ ಎರಡೆರಡು ಇಂಚಿನ ಅಂತರದಲ್ಲಿ ರೇಷ್ಮೆ ದಾರ ಕಟ್ಟಿ ಚೌಕಗಳನ್ನು ಮಾಡಿ, ಅದರ ಮುಂದೆ ಮನುಷ್ಯನನ್ನು ಬೆತ್ತಲೆ ನಿಲ್ಲಿಸಿ ಫೋಟೊ ತೆಗೆದರೆ, ಅವನ ಅಳತೆಯನ್ನು ಲಂಡನ್ನಿನಲ್ಲಿ ಕುಳಿತೇ ಲೆಕ್ಕ ಹಾಕಬಹುದು. ಅಂಡಮಾನಿನಲ್ಲಿ ಅಧಿಕಾರಿಯಾಗಿದ್ದ ಮಾರಿಸ್ ವೈಡಲ್ ಪೋರ್ಟ್‌ಮನ್ 1890ರ ದಶಕದಲ್ಲಿ ದ್ವೀಪವಾಸಿಗಳನ್ನು ಇಂಥ ಚೌಕಳಿ ಪರದೆಯ ಮುಂದೆಯೇ ನಿಲ್ಲಿಸಿದರು. ಫೋಟೊ ತೆಗೆಸಿಕೊಂಡವರಿಗೆ ‘ಬೇಡ’ ಎನ್ನುವ ಅವಕಾಶ ಎಷ್ಟರ ಮಟ್ಟಿಗೆ ಇತ್ತೆಂದು ಊಹಿಸುವುದು ಕಷ್ಟವಲ್ಲ.

ಪುಷ್ಪಮಾಲಾ ಈ ಚೌಕಳಿ ಪರದೆಯನ್ನು ತಮ್ಮ ಸ್ಟುಡಿಯೊಗೆ ತಂದರು. ನೀಲಗಿರಿಯ ತೋಡ ಹೆಂಗಸಿನ ವೇಷದಲ್ಲಿ ಅದರ ಮುಂದೆ ತಾವೇ ನಿಂತರು. ಅದೇ ಸರಣಿಯಲ್ಲಿ ಅವರು ರವಿವರ್ಮನ 1889ರ ಚಿತ್ರದ ಬೆಳದಿಂಗಳ ಸುಂದರಿಯೂ ಹೌದು, ಮನೆಮನೆಯ ಗೋಡೆಯ ಮೇಲಿನ ಓಲಿಯೊಗ್ರಾಫ್ ಲಕ್ಷ್ಮಿಯೂ ಹೌದು, ವೇಲಾಂಕಣಿ ಮಾತೆಯೂ ಹೌದು. ಬಿಜಾಪುರದ ಕಿರುಚಿತ್ರದ ಯೋಗಿನಿ, ಚಾವಟಿ ಹಿಡಿದ ತಮಿಳು ಸಿನಿಮಾ ನಾಯಕಿ, ಚೆಲ್ಲಾಟವಾಡುವ ಕನ್ನಡ ಸಿನಿಮಾ ನಾಯಕಿ, ಪತ್ರಿಕೆಯಲ್ಲಿ ಪ್ರಕಟವಾದ ಕಳವಿನ ಆರೋಪಿ, ಹೀಗೆ ವೇಷದ ಮೇಲೆ ವೇಷ. ಚಿತ್ರ ತಯಾರಾಗುವ ಹಂತಗಳ ಫೋಟೊಗಳೂ ಪ್ರದರ್ಶನದ ಭಾಗವಾದವು. ದೇವಿ, ನಾಯಕಿ, ಬುಡಕಟ್ಟಿನವಳು, ಅಪರಾಧಿ ಎಂಬ ನಾಲ್ಕು ಬೇರೆ ಬೇರೆ ಕಪಾಟುಗಳಲ್ಲಿ ಇಟ್ಟ ಚಿತ್ರಗಳನ್ನು ಅವರು ಒಂದೇ ಸಾಲಿನಲ್ಲಿ ನಿಲ್ಲಿಸಿದರು. ಆಗ ಒಂದು ಸಂಗತಿ ಸ್ಪಷ್ಟವಾಯಿತು. ಲಕ್ಷ್ಮಿಯ ಚಿತ್ರವನ್ನು ಪೂಜಿಸುವ ಕಣ್ಣು, ಆರೋಪಿಯ ಚಿತ್ರವನ್ನು ಕಂಡು ಛೀ ಎನ್ನುವ ಕಣ್ಣು, ತೋಡ ಹೆಂಗಸನ್ನು ಅಳೆಯುವ ಕಣ್ಣು ಬೇರೆ ಬೇರೆಯಲ್ಲ. ನೋಡಲು ಕಲಿಸಿದ ಪಾಠಗಳು ಮಾತ್ರ ಬೇರೆ.

ತನ್ನನ್ನೇ ಹಲವು ಹೆಂಗಸರಾಗಿಸಿಕೊಂಡ ಕಲಾವಿದೆಯರು ಬೇರೆಡೆಯೂ ಇದ್ದಾರೆ. ಅಮೆರಿಕದ ಸಿಂಡಿ ಶೆರ್ಮನ್ 1977ರಿಂದ 1980ರವರೆಗೆ ಇಲ್ಲದ ಸಿನಿಮಾಗಳ ಸ್ಥಿರಚಿತ್ರಗಳಂತಿರುವ ಸರಣಿಯನ್ನು ಮಾಡಿದರು. ಅದಕ್ಕೂ ಬಹಳ ಹಿಂದೆ, 1934ರಲ್ಲಿ, ಅಮೃತಾ ಶೇರ್‌ಗಿಲ್ ತಮ್ಮನ್ನು ತಾಹಿತಿ ದ್ವೀಪದ ಹೆಂಗಸಿನಂತೆ ಚಿತ್ರಿಸಿಕೊಂಡಿದ್ದರು. ಫ್ರೆಂಚ್ ಕಲಾವಿದ ಗೊಗ್ಯಾಂ ಆ ದ್ವೀಪದ ಹೆಂಗಸರನ್ನು ನೋಡಿದ ರೀತಿಗೆ ಅದೊಂದು ಮರುಮಾತು. ಶೆರ್ಮನ್ ಅವರ ಚಿತ್ರಗಳಲ್ಲಿ ಹೆಂಗಸು ಒಂಟಿ. ಪುಷ್ಪಮಾಲಾ ಅವರ ಚಿತ್ರಗಳಲ್ಲಿ ಅವಳ ಹಿಂದೆ ದೇಶ, ಜಾತಿ, ಧರ್ಮ, ಸರ್ಕಾರ ಎಲ್ಲವೂ ಗುಂಪು ಕಟ್ಟಿ ನಿಂತಿವೆ.

ಅವರ ಕಿರುಚಿತ್ರಗಳಲ್ಲಿ ಈ ಗುಂಪು ಇನ್ನಷ್ಟು ಚೆನ್ನಾಗಿ ಕಾಣುತ್ತದೆ. 2004ರ ‘ರಾಷ್ಟ್ರೀಯ ಖೀರ್ ಮತ್ತು ದೇಶೀಯ ಸಲಾಡ್’ ಸುಮಾರು 11 ನಿಮಿಷಗಳ ಕಪ್ಪು-ಬಿಳುಪು ಚಿತ್ರ. ಹಿಂದಿನ ತಲೆಮಾರಿನ ಗೃಹಿಣಿಯರು, ಅಂದರೆ ಕಲಾವಿದೆಯ ತಾಯಿ ಮತ್ತು ಅತ್ತೆ, ಬರೆದಿಟ್ಟುಕೊಂಡಿದ್ದ ಅಡುಗೆ ಪುಸ್ತಕಗಳೇ ಅದರ ಮೂಲ. ಸ್ವಾತಂತ್ರ್ಯ ಬಂದ ಹೊಸತರಲ್ಲಿ ದೇಶ ಕಟ್ಟುವ ಉತ್ಸಾಹ ಅಡುಗೆಮನೆಗೂ ನುಗ್ಗಿ, ಪಾಯಸಕ್ಕೂ ರಾಷ್ಟ್ರೀಯತೆ ಬಂದಿತ್ತು. ಮಾದರಿ ಗಂಡ, ಮಾದರಿ ಹೆಂಡತಿ, ಮಾದರಿ ಮಗು ಎಂಬ ಸಂಸಾರವನ್ನು ಚಿತ್ರ ಪ್ರೀತಿಯಿಂದಲೇ ಗೇಲಿ ಮಾಡುತ್ತದೆ. ದೇಶದ ನಾನಾ ಕಡೆಯಿಂದ ಬಂದವರು ಒಂದೇ ಕಾಲನಿಯಲ್ಲಿ ಬದುಕುವ ಕೈಗಾದಂಥ ಊರಿನವರಿಗೆ ಈ ಚಿತ್ರ ಬೇಗ ಮುಟ್ಟುತ್ತದೆ. ನೆರೆಮನೆಯವರಿಂದ ಕಲಿತು ನೋಟ್‌ಬುಕ್ಕಿನಲ್ಲಿ ಬರೆದುಕೊಂಡ ಅಡುಗೆಯೂ ದೇಶದ ಚರಿತ್ರೆಯ ಒಂದು ಪುಟ. ಅದನ್ನು ಬರೆದ ಹೆಂಗಸಿನ ಹೆಸರು ಮಾತ್ರ ಯಾವ ಚರಿತ್ರೆಯಲ್ಲೂ ಬರುವುದಿಲ್ಲ.

2006ರ ‘ಪ್ಯಾರಿಸ್ ಆಟಮ್’ ಇನ್ನೂ ವಿಚಿತ್ರ. ಸುಮಾರು 35 ನಿಮಿಷಗಳ ಈ ಚಿತ್ರವನ್ನು ಕಟ್ಟಿರುವುದು ಸ್ಥಿರಚಿತ್ರಗಳಿಂದ. ಪ್ಯಾರಿಸ್ಸಿನ ಹಳೆಯ ಕೋಣೆಯೊಂದಕ್ಕೆ ಬಂದ ಭಾರತೀಯ ಕಲಾವಿದೆಗೆ ನಾಲ್ಕುನೂರು ವರ್ಷಗಳ ಹಿಂದೆ ಸತ್ತ ರಾಜಪ್ರೇಯಸಿ ಗಾಬ್ರಿಯೆಲ್ ದೆಸ್ತ್ರೆಯ ನೆರಳು ಕಾಡುತ್ತದೆ. ಹೊರಗೆ 2005ರ ಶರತ್ಕಾಲದಲ್ಲಿ ವಲಸಿಗರ ಬಡಾವಣೆಗಳು ಹೊತ್ತಿ ಉರಿದ ಕಾಲ. ದೆವ್ವದ ಕಥೆಯ ನೆಪದಲ್ಲಿ ಚಿತ್ರ ಕೇಳುವುದು ಒಂದೇ ಪ್ರಶ್ನೆ: ಪರನಾಡಿನಲ್ಲಿ ನಿಂತವಳನ್ನು ಅಲ್ಲಿನವರು ಏನೆಂದು ಗುರುತಿಸುತ್ತಾರೆ?

ಪುಷ್ಪಮಾಲಾ ಹೆಣ್ಣಿನ ವೇಷಕ್ಕೆ ಮಾತ್ರ ನಿಲ್ಲಲಿಲ್ಲ. ಪೋರ್ಚುಗಲ್ಲಿನ ವೆಲೊಸೊ ಸಲ್ಗಾದೊ 1898ರಲ್ಲಿ ಬರೆದ, ವಾಸ್ಕೊ ಡ ಗಾಮ ಕಲ್ಲಿಕೋಟೆಯ ಸಾಮೂದಿರಿಯ ಮುಂದೆ ನಿಂತ ವೈಭವದ ಚಿತ್ರವನ್ನು ಅವರು 2014ರಲ್ಲಿ ಮರುಸೃಷ್ಟಿಸಿದರು. ಗಾಮನ ವೇಷದಲ್ಲಿ ಇದ್ದವರು ಅವರೇ. 1498ರಲ್ಲಿ ಅದೇ ಗಾಮ ಹಿಂದಿರುಗುವಾಗ ಹಡಗು ನಿಲ್ಲಿಸಿದ್ದು ಕಾರವಾರದ ಎದುರಿನ ಅಂಜದೀವದಲ್ಲಿ. ಈ ಕರಾವಳಿಗೆ ಅವನು ಪಠ್ಯಪುಸ್ತಕದ ನಾಯಕನಷ್ಟೇ ಅಲ್ಲ, ಮನೆ ಬಾಗಿಲಿಗೆ ಬಂದು ಹೋದ ಅಪರಿಚಿತ. ಆ ಘಟನೆ ನಡೆದು 400 ವರ್ಷಗಳ ಬಳಿಕ ಯುರೋಪಿನ ಕಲಾವಿದ ಕಲ್ಪಿಸಿಕೊಂಡ ದೃಶ್ಯವನ್ನೇ ಜನ ಇತಿಹಾಸವೆಂದು ನಂಬಿದರು. ಕನ್ನಡನಾಡಿನ ಮಹಿಳೆಯೊಬ್ಬಳು ಗಾಮನ ಗಡ್ಡ ಅಂಟಿಸಿಕೊಂಡು ನಿಂತಾಗ ಅದು ನಾಟಕವೆಂಬುದು ನೆನಪಾಗುತ್ತದೆ.

ಭಾರತಮಾತೆಯ ಚಿತ್ರಗಳನ್ನು ಕುರಿತೂ ಅವರು 2005ರ ಸುಮಾರಿನಿಂದ ಹೀಗೆಯೇ ಕೆಲಸ ಮಾಡಿದ್ದಾರೆ. ಅವನೀಂದ್ರನಾಥ ಠಾಕೂರರು 1905ರಲ್ಲಿ ಬರೆದ ಭಾರತಮಾತೆ ಶಾಂತಳಾದ ಸನ್ಯಾಸಿನಿ. ಮುಂದೆ ಕ್ಯಾಲೆಂಡರುಗಳಲ್ಲಿ ಅವಳಿಗೆ ಸಿಂಹ, ತ್ರಿಶೂಲ, ಧ್ವಜ ಎಲ್ಲವೂ ಬಂದವು. ದೇಶಕ್ಕೂ ಒಂದು ವೇಷವಿದೆ, ಅದು ಕಾಲಕಾಲಕ್ಕೆ ಬದಲಾಗುತ್ತದೆ ಎಂಬುದನ್ನು ಈ ಸರಣಿ ತೋರಿಸಿತು. 2017ರಲ್ಲಿ ಪತ್ರಕರ್ತೆ ಗೌರಿ ಲಂಕೇಶ್ ಹತ್ಯೆಯಾದ ಬಳಿಕ, 2018ರಲ್ಲಿ ಪುಷ್ಪಮಾಲಾ ‘ಗೌರಿ ಲಂಕೇಶರ ಅರ್ಜೆಂಟ್ ಸಾರು’ ಎಂಬ ಪ್ರದರ್ಶನ ರೂಪಿಸಿದರು. ಜನರ ಮುಂದೆ ಸಾರು ಮಾಡುವುದೇ ಆ ಪ್ರದರ್ಶನ. ಸತ್ತವರನ್ನು ಪೋಸ್ಟರಿನ ಮುಖವಾಗಿಸುವುದು ಸುಲಭ. ಅವರೂ ಅವಸರದಲ್ಲಿ ಒಲೆ ಹಚ್ಚಿ ಸಾರು ಕುದಿಸಿಕೊಂಡ ಮನುಷ್ಯರು ಎಂದು ನೆನಪಿಸುವುದು ಕಷ್ಟ.

ಇಷ್ಟೆಲ್ಲ ಹೇಳಿದ ಮೇಲೆ ಒಂದು ಆಕ್ಷೇಪಣೆಯನ್ನು ಎದುರಿಸಲೇಬೇಕು. ನಗರದಲ್ಲಿ ಬೆಳೆದ, ಕಲಾಶಾಲೆಯಲ್ಲಿ ಕಲಿತ ಮಹಿಳೆ ತೋಡ ಹೆಂಗಸಿನ ವೇಷ ಹಾಕಿದರೆ, ಹಿಂದೆ ಬ್ರಿಟಿಷ್ ಅಧಿಕಾರಿ ಮಾಡಿದ್ದಕ್ಕೂ ಇದಕ್ಕೂ ಏನು ವ್ಯತ್ಯಾಸ? ಆಗಲೂ ತೋಡ ಹೆಂಗಸು ಮಾತಾಡಲಿಲ್ಲ, ಈಗಲೂ ಮಾತಾಡಲಿಲ್ಲ. ಈ ಆಕ್ಷೇಪಣೆಯನ್ನು ಹಗುರವಾಗಿ ತಳ್ಳಿಹಾಕುವಂತಿಲ್ಲ. ಇದಕ್ಕೆ ಅರ್ಧ ಉತ್ತರ ಕೃತಿಯಲ್ಲಿಯೇ ಇದೆ. ಪುಷ್ಪಮಾಲಾ ವಹಿಸಿದ್ದು ತೋಡ ಹೆಂಗಸಿನ ಪಾತ್ರವನ್ನಲ್ಲ, ತೋಡ ಹೆಂಗಸಿನ ಫೋಟೊದ ಪಾತ್ರವನ್ನು. ಅಳೆಯುವ ಪರದೆಯನ್ನು ಅವರು ಅಣಕಿಸಿದರೇ ಹೊರತು ಅಳೆಸಿಕೊಂಡವಳನ್ನಲ್ಲ. ಉಳಿದರ್ಧ ಉತ್ತರವನ್ನು ಅವರು ಕೊಡಲಾರರು. ಅದು ಚೌಕಟ್ಟಿನೊಳಗೆ ನಿಂತ ಸಮುದಾಯದ ಹೆಂಗಸರಿಂದಲೇ ಬರಬೇಕು.

ಅಂಥ ಉತ್ತರ ಬಂದಾಗ ನಾವು ಅದನ್ನು ಕೇಳಿಸಿಕೊಂಡೆವೇ? ಅಂಕೋಲೆ ತಾಲ್ಲೂಕಿನ ಹೊನ್ನಳ್ಳಿಯ ತುಳಸಿ ಗೌಡರು 2021ರ ನವೆಂಬರಿನಲ್ಲಿ ಬರಿಗಾಲಿನಲ್ಲಿ, ತಮ್ಮ ಎಂದಿನ ಉಡುಗೆಯಲ್ಲಿ ರಾಷ್ಟ್ರಪತಿಯವರಿಂದ ಪದ್ಮಶ್ರೀ ಸ್ವೀಕರಿಸಿದ ಫೋಟೊವನ್ನು ದೇಶವೇ ನೋಡಿತು. ಅಂದು ಅವರು ಯಾವ ವೇಷವನ್ನೂ ಕಟ್ಟಲಿಲ್ಲ. ಆದರೆ ನೋಡಿದವರಲ್ಲಿ ಹಲವರು ಅದನ್ನೂ ಒಂದು ವೇಷದಂತೆ ನೋಡಿದರು. ಬರಿಗಾಲಿನ ಬಗ್ಗೆ ಬಂದಷ್ಟು ಮಾತು ಬೀಜ ಆರಿಸುವ, ಸಸಿ ಬೆಳೆಸುವ ಅವರ ಜ್ಞಾನದ ಬಗ್ಗೆ ಬರಲಿಲ್ಲ. 2024ರ ಡಿಸೆಂಬರಿನಲ್ಲಿ ಅವರು ತೀರಿಕೊಂಡರು. ಬಡಗೇರಿಯ ಸುಕ್ರಿ ಬೊಮ್ಮಗೌಡರು, 2017ರಲ್ಲಿ ಪದ್ಮಶ್ರೀ ಪಡೆದವರು, 2025ರ ಫೆಬ್ರುವರಿಯಲ್ಲಿ ಅಗಲಿದರು. ನೂರಾರು ಹಾಡುಗಳನ್ನು ನೆನಪಿನಲ್ಲಿಟ್ಟಿದ್ದ, ಸಾರಾಯಿಯ ವಿರುದ್ಧ ಹೋರಾಡಿದ ಸುಕ್ರಜ್ಜಿಯನ್ನು ‘ಮಣಿಸರದ ಅಜ್ಜಿ’ ಎಂದು ಮಾತ್ರ ನೆನೆಯುವವರು ಅವರ ಹಾಡನ್ನು ಕೇಳಿಲ್ಲ ಎಂದೇ ಅರ್ಥ.

ಈಗ ಪ್ರತಿಯೊಬ್ಬರ ಕೈಯಲ್ಲಿಯೂ ಕ್ಯಾಮೆರಾ ಇದೆ. ತನ್ನ ಚಿತ್ರವನ್ನು ತಾನೇ ತೆಗೆದುಕೊಳ್ಳುವುದು ನಿತ್ಯದ ಕೆಲಸವಾಗಿದೆ. ಇದರಿಂದ ಗುರುತಿನ ಪ್ರಶ್ನೆ ಬಗೆಹರಿಯಿತೆಂದು ತಿಳಿಯಬಾರದು. ಮೊಬೈಲಿನಲ್ಲಿ ತೆಗೆದ ಚಿತ್ರಕ್ಕೂ ಸಿನಿಮಾ, ಜಾಹೀರಾತು ಹೇಳಿಕೊಟ್ಟ ಭಂಗಿಗಳೇ ಮಾದರಿ. ಬಟನ್ ಒತ್ತಿದ ಬೆರಳು ನಮ್ಮದಾದ ಮಾತ್ರಕ್ಕೆ ಚಿತ್ರ ನಮ್ಮದಾಗುವುದಿಲ್ಲ. ಆ ಭಂಗಿ ಎಲ್ಲಿಂದ ಬಂತೆಂದು ತಿಳಿದಾಗ ಮಾತ್ರ ಸ್ವಲ್ಪ ನಮ್ಮದಾಗುತ್ತದೆ. ಪುಷ್ಪಮಾಲಾ ಅವರ ಪ್ರಯೋಗಗಳಿಂದ ಸಾಮಾನ್ಯ ಜನ ಪಡೆಯಬಹುದಾದ ಪಾಠ ಇದು.

ಶಾಲೆಯ ವಾರ್ಷಿಕೋತ್ಸವದ ಛದ್ಮವೇಷ ಸ್ಪರ್ಧೆ ಎಲ್ಲ ತಂದೆತಾಯಿಗಳಿಗೂ ಗೊತ್ತು. ಮಕ್ಕಳಿಗೆ ಮೀನು ಮಾರುವವಳ ವೇಷ, ಬುಡಕಟ್ಟಿನವಳ ವೇಷ ಹಾಕಿಸಿ ಚಪ್ಪಾಳೆ ತಟ್ಟುತ್ತೇವೆ. ಅದರಲ್ಲಿ ಕೆಡುಕಿನ ಉದ್ದೇಶವೇನೂ ಇರುವುದಿಲ್ಲ. ಆದರೆ ಅದೇ ತರಗತಿಯಲ್ಲಿ ಮೀನುಗಾರರ ಮಗಳೂ, ಹಾಲಕ್ಕಿ ಒಕ್ಕಲಿಗರ ಮಗಳೂ ಕುಳಿತಿರಬಹುದು. ತನ್ನ ಅಜ್ಜಿಯ ಸೀರೆ ಇನ್ನೊಬ್ಬರ ಮೈಮೇಲೆ ವೇಷವಾಗಿ ಬಂದು ಬಹುಮಾನ ಗಳಿಸುವುದನ್ನು ಅವಳು ನೋಡುತ್ತಾಳೆ. ಮುಂದಿನ ಸಲ ಅವಳನ್ನೂ ಕರೆದು, ‘ನೀನು ಏನಾಗುತ್ತೀಯೆ, ಮಗಾ?’ ಎಂದು ಕೇಳಬೇಕು. ಅವಳು ಇಂಜಿನಿಯರ್ ಆಗುತ್ತೇನೆ ಎನ್ನಬಹುದು, ವಾಸ್ಕೊ ಡ ಗಾಮ ಆಗುತ್ತೇನೆ ಎನ್ನಬಹುದು, ಅಜ್ಜಿಯೇ ಆಗುತ್ತೇನೆ ಎಂದೂ ಅನ್ನಬಹುದು. ಯಾವುದಾದರೂ ಸರಿ, ಆಯ್ಕೆ ಅವಳದಾಗಿರಬೇಕು.